ಒಟಾಕರ್ ಅವರ ಬಲಗಿವಿ

ಕಿವಿಯ ಅಚ್ಚು ತೆಗೆಯುವ ಪೇಸ್ಟಿಗೆ ಒಂದು ವಾಸನೆ ಇದೆ. ಬಿಳಿಯ ಮುದ್ದೆ ಒಂದು, ಗುಲಾಬಿ ಮುದ್ದೆ ಒಂದು. ಎರಡನ್ನೂ ಅಂಗೈಯಲ್ಲಿ ಅರ್ಧ ನಿಮಿಷ ನಾದಿದರೆ ನಾವು ಶಾಲೆಯಲ್ಲಿ ಮೂಗಿಗೆ ಹಿಡಿದು ಕೂರುತ್ತಿದ್ದ ಸೆಂಟ್ ರಬ್ಬರಿನ ವಾಸನೆ ಏಳುತ್ತದೆ. ಈಗ ಅದರ ಕೆಲಸವನ್ನು ಸ್ಕ್ಯಾನರ್ ಮಾಡುತ್ತದೆ. ಕಳೆದ ವಾರ ಇಂಡೂರೂಪಿಲ್ಲಿಯ ನಮ್ಮ ಕ್ಲಿನಿಕ್ಕಿನಲ್ಲಿ ಸ್ಕ್ಯಾನರ್ ಕೆಟ್ಟಿತು. ಪಕ್ಕದ ಕೋಣೆಯ ಸಹೋದ್ಯೋಗಿ ಕಪಾಟಿನ ಮೂಲೆಯಿಂದ ಹಳೆಯ ಡಬ್ಬಿ ತೆಗೆದು ಪೇಸ್ಟ್ ಕಲಸತೊಡಗಿದಳು. ವಾಸನೆ ಬಾಗಿಲ ಸಂದಿಯಿಂದ ನನ್ನ ಮೇಜಿಗೆ ಬಂತು. ನಾನು ಬ್ರಿಸ್ಬೇನಿನ ಬಿಸಿಲಲ್ಲಿ ಕುಳಿತಿದ್ದೆ. ಮನಸ್ಸಿನಲ್ಲಿ ಪರ್ತ್‌ನ ಮಳೆ ಸುರಿಯತೊಡಗಿತು.

ನಿಜವಾಗಿ ಆ ದಿನ ಮಳೆ ಇತ್ತೇ? ಮನೆಗೆ ಬಂದು ಹಳೆಯ ದಿನಚರಿ ತೆಗೆದು ನೋಡಿದೆ. ಒಟಾಕರ್ ಅವರ ಕಿವಿಯ ಅಚ್ಚು ತೆಗೆದ ದಿನದ ಪುಟದಲ್ಲಿ 'ಬೆಳಗ್ಗೆ ಬಿಸಿಲು, ಒಗೆದ ಬಟ್ಟೆ ಎಲ್ಲಾ ಒಣಗಿತು' ಎಂದಿದೆ. ನನ್ನ ನೆನಪು ಹೀಗೆ, ಎಲ್ಲದಕ್ಕೂ ಒಂದಿಷ್ಟು ಮಳೆ ಸೇರಿಸುತ್ತದೆ. ಅದಕ್ಕೇ ನಾನು ಕಾಲೇಜಿನ ದಿನಗಳಿಂದ ದಿನಚರಿ ಬರೆಯುತ್ತೇನೆ. ಬರೆದದ್ದು ಸುಳ್ಳಾಡುವುದಿಲ್ಲ ಎಂದು ನಂಬಿದ್ದೆ. ಆ ನಂಬಿಕೆ ಸಡಿಲವಾದದ್ದೂ ಆ ಚಳಿಗಾಲದಲ್ಲೇ.

ಇದನ್ನು ಬರೆಯಲು ಅವರ ಒಪ್ಪಿಗೆ ಪಡೆದಿದ್ದೇನೆ. ಹೆಸರು ಬದಲಿಸುತ್ತೇನೆ ಎಂದಾಗ ಅವರು ಫೋನಿನಲ್ಲಿ, "ನಟನಿಗೆ ಹೆಸರು ಬದಲಿಸೋದು ಹೊಸದಾ? ಒಟಾಕರ್ ಅಂತಿಡು. ಸಣ್ಣವನಿದ್ದಾಗ ನನಗೆ ಆ ಹೆಸರು ಬೇಕಿತ್ತು" ಎಂದರು.

ನಾವು ಆಗ ಪರ್ತ್‌ನ ವಿಲೆಟನ್‌ನಲ್ಲಿದ್ದೆವು. ಗಂಡ ಗಣಿಯ ಕೆಲಸಕ್ಕೆ ಎರಡು ವಾರ ಉತ್ತರಕ್ಕೆ ಹಾರಿ ಒಂದು ವಾರ ಮನೆಗೆ ಬರುತ್ತಿದ್ದ. ನಾನು ಥಾರ್ನ್ಲಿಯ ಶಾಪಿಂಗ್ ಸೆಂಟರ್ ಹಿಂದಿನ ಪುಟ್ಟ ಕ್ಲಿನಿಕ್ಕಿನಲ್ಲಿ ಆಡಿಯಾಲಜಿಸ್ಟ್. ಕಿವಿ ಪರೀಕ್ಷಿಸುವುದು, ಶ್ರವಣ ಸಾಧನ ಕೂರಿಸುವುದು, ಅದು ಕೀಂಯ್ ಎಂದರೆ ಸರಿಮಾಡುವುದು ನನ್ನ ಕೆಲಸ. ಆ ವರ್ಷ ಅಮ್ಮ ಮೈಸೂರಿನಿಂದ ಆರು ತಿಂಗಳಿಗೆ ಬಂದಿದ್ದರು. ಮೇ ತಿಂಗಳಲ್ಲಿ ಬಂದಿಳಿದವರು ಮೊದಲ ವಾರವೇ, "ಇಲ್ಲಿ ಜನ ಎಲ್ಲಿದಾರೆ? ಬರೀ ಬೇಲಿ, ಬರೀ ಕಾರು" ಎಂದು ಬೇಸರಿಸಿಕೊಂಡು ಬೆಳಗಿನ ವಾಕಿಂಗ್ ಶುರುಮಾಡಿದರು. ಹತ್ತೇ ದಿನಕ್ಕೆ ಅವರಿಗೆ ಜನ ಸಿಕ್ಕಿದರು, ಒಬ್ಬರು.

"ನಮ್ಮ ಬೀದಿ ಕೊನೇಲಿ ಒಬ್ರು ರಾಯರಿದಾರೆ ಕಣೇ. ಕೋಲಲ್ಲಿ ಗಾಳಿಗೆ ತಾಳ ಹಾಕ್ಕೊಂಡು ಹೋಗ್ತಾರೆ. ಸಂಗೀತಗಾರರೇ ಇರ್ಬೇಕು."

"ಇಬ್ರೂ ಏನು ಮಾತಾಡಿದ್ರಿ?"

"ನಾನು ಕನ್ನಡದಲ್ಲಿ ಮಾತಾಡಿದೆ, ಅವರು ಅವರ ಭಾಷೇಲಿ. ಅವರಿಗೆ ಕಿವಿ ಮಂದ. ಹಾಗಾಗಿ ಯಾವ ಭಾಷೆ ಆದ್ರೂ ಒಂದೇ."

ಅಮ್ಮನ ಬಾಯಲ್ಲಿ ಅವರು ಒಟಾಕರ ರಾಯರಾದರು. ಎಂಬತ್ತು ದಾಟಿದ ಚೆಕ್ ಮನುಷ್ಯ. ಎತ್ತರದ ಆಳು, ಉದ್ದ ಬೆರಳು. ಮಗಳು ಹಾನಾಳ ಮನೆಯ ಹಿಂಬದಿಯಲ್ಲಿ ಕಟ್ಟಿಸಿದ ಎರಡು ಕೋಣೆಗಳಲ್ಲಿ ಒಂದು ಪಿಯಾನೋ ಜೊತೆ ವಾಸ. ಹಾನಾ ಶಾಲಾ ಶಿಕ್ಷಕಿ, ನನಗಿಂತ ಹತ್ತು ವರ್ಷ ದೊಡ್ಡವಳು. ಜೂನ್ ತಿಂಗಳಲ್ಲಿ ಅವಳೇ ತಂದೆಯನ್ನು ನನ್ನ ಕ್ಲಿನಿಕ್ಕಿಗೆ ಕರೆತಂದಳು.

ಒಟಾಕರ್ ಅವರ ಸಿನಿಮಾ ಬದುಕನ್ನು ನಾನು ಕೇಳಿದ್ದು ತುಣುಕು ತುಣುಕಾಗಿ, ಪೇಸ್ಟ್ ಕಿವಿಯಲ್ಲಿ ಗಟ್ಟಿಯಾಗಲು ಕಾಯುವಾಗ, ಸಾಧನದ ಬ್ಯಾಟರಿ ಬದಲಿಸುವಾಗ, ನಮ್ಮ ಮನೆಯಲ್ಲಿ ಕಾಫಿ ಕುಡಿಯುವಾಗ. ಬ್ರನೋ ನಗರದ ಒಂದು ಕೆಫೆಯಲ್ಲಿ ಹದಿಹರೆಯದಲ್ಲೇ ಅವರು ಅಕಾರ್ಡಿಯನ್ ನುಡಿಸುತ್ತಿದ್ದರು. ಅಲ್ಲಿಗೆ ಊಟಕ್ಕೆ ಬಂದ ನಿರ್ದೇಶಕನೊಬ್ಬನಿಗೆ ಮದುವೆಯ ದೃಶ್ಯಕ್ಕೆ ನಿಜವಾಗಿಯೂ ಅಕಾರ್ಡಿಯನ್ ನುಡಿಸಬಲ್ಲ ಮುಖ ಬೇಕಿತ್ತು. ಅಲ್ಲಿಂದ ಶುರು. ಆಮೇಲೆ ಯಾವ ಚಿತ್ರದಲ್ಲಿ ವಾದ್ಯಗಾರ ಬೇಕಾದರೂ ಅವರೇ. ಶವಯಾತ್ರೆಯ ತುತ್ತೂರಿಯವನು, ಚರ್ಚಿನ ಆರ್ಗನ್ ನುಡಿಸುವವನು, ಕುಡಿದ ಬ್ಯಾಂಡ್ ಮಾಸ್ಟರ್. ಕಥಾನಾಯಕ ಪಿಯಾನೋ ಮುಂದೆ ಕುಳಿತರೆ ಕ್ಯಾಮೆರಾ ನಾಯಕನ ಮುಖದಿಂದ ಕೆಳಗಿಳಿದು ಒಟಾಕರ್ ಅವರ ಕೈಗಳಿಗೆ ಬರುತ್ತಿತ್ತು.

"ನನ್ನ ಮುಖಕ್ಕಿಂತ ನನ್ನ ಕೈ ದೊಡ್ಡ ನಟ. ಹುಡುಗಿಯರು ಆ ಕೈಗೆ ಪತ್ರ ಬರೆದ್ರು, ಪತ್ರ ಹೋಗಿದ್ದು ಬೇರೆಯವನ ವಿಳಾಸಕ್ಕೆ" ಎನ್ನುತ್ತಿದ್ದರು.

ತೆರೆಯ ಮೇಲೆ ನುಡಿಸುವುದನ್ನು ತಾವೇ ಹೊಸೆಯತೊಡಗಿದರು. ಹಾಗೆ ಸಂಗೀತ ಸಂಯೋಜಕರಾದರು. ಏಳೆಂಟು ವರ್ಷಗಳಾದ ಮೇಲೆ ಒಂದೇ ಒಂದು ಚಿತ್ರದಲ್ಲಿ ನಾಯಕರಾದರು. ಟ್ರಾಮ್ ಕಂಡಕ್ಟರನ ಪಾತ್ರ, ಸಂಗೀತವೂ ಅವರದೇ. ಆ ಚಿತ್ರ ಬಿಡುಗಡೆಯಾದ ಎರಡು ವರ್ಷದೊಳಗೆ ಊರಿನ ಬೀದಿಗಳಿಗೆ ಸೋವಿಯತ್ ಟ್ಯಾಂಕುಗಳು ಬಂದವು. ಒಟಾಕರ್ ಹೆಂಡತಿಯ ಜೊತೆ ದೇಶ ಬಿಟ್ಟರು. ಬಿಟ್ಟುಹೋದವರ ಹೆಸರನ್ನು ಅಲ್ಲಿಯ ಸರ್ಕಾರದವರು ಚಿತ್ರದ ಶೀರ್ಷಿಕೆಗಳಿಂದ ಕತ್ತರಿಸಿದರಂತೆ. ಇದನ್ನು ಹೇಳುವಾಗ ಮಾತ್ರ ಅವರು ನಗಲಿಲ್ಲ. ಆದರೆ ತಕ್ಷಣ, "ಮುಖ ಕತ್ತರಿಸೋಕಾಗಲಿಲ್ಲ ನೋಡು, ಕಂಡಕ್ಟರ್ ಇಲ್ಲದೆ ಟ್ರಾಮ್ ಹೇಗೆ ಹೋಗುತ್ತೆ?" ಎಂದು ಸೇರಿಸಿದರು.

ಅಡಿಲೇಡ್‌ಗೆ ಬಂದು ಪಿಯಾನೋ ಶ್ರುತಿ ಮಾಡುವ ಕೆಲಸಕ್ಕೆ ಸೇರಿದರು. ಅದೇ ಅವರ ಮುಂದಿನ ನಲವತ್ತು ವರ್ಷ. ಆಸ್ಟ್ರೇಲಿಯಾದ ತೆರೆಯ ಮೇಲೂ ಎರಡು ಸಲ ಕಾಣಿಸಿಕೊಂಡರು. ಒಮ್ಮೆ ರಷ್ಯನ್ ಗೂಢಚಾರ, ಒಮ್ಮೆ ಇಟಲಿಯ ತರಕಾರಿ ಅಂಗಡಿಯವನು. "ಎರಡರಲ್ಲೂ ಮಾತಿಲ್ಲ. ನನ್ನ ಇಂಗ್ಲಿಷ್ ಕೇಳಿದ ಮೇಲೆ ಮಾತು ತೆಗೆದುಬಿಟ್ರು." ಹೆಂಡತಿ ತೀರಿಕೊಂಡ ಮೇಲೆ ಪರ್ತ್‌ಗೆ, ಮಗಳ ಹಿತ್ತಲಿಗೆ ಬಂದರು.

ಕ್ಲಿನಿಕ್ಕಿಗೆ ಬರಲು ಒಂದು ಕಾರಣವಿತ್ತು. ಅಡಿಲೇಡ್‌ನಲ್ಲಿ ಹಳೆಯ ಚಿತ್ರಗಳನ್ನು ತೋರಿಸುವ ಸಣ್ಣ ಕೂಟವೊಂದಿದೆ. ಆ ಕೂಟದವರಿಗೆ ಟ್ರಾಮ್ ಚಿತ್ರದ ಪ್ರತಿ ಸಿಕ್ಕಿತ್ತು. ಕೊನೆಯ ಸುರುಳಿಯಲ್ಲಿ ಮಾತ್ರ ಧ್ವನಿ ಪೂರ್ತಿ ಹಾಳಾಗಿತ್ತು. ಮಾತಿಲ್ಲದ ದೃಶ್ಯ, ಕಂಡಕ್ಟರನ ಕೊನೆಯ ಸುತ್ತು, ಡಿಪೋದಿಂದ ಡಿಪೋಗೆ, ಎಂಟು ನಿಮಿಷ. ಆ ಎಂಟು ನಿಮಿಷಕ್ಕೆ ಒಟಾಕರ್ ಸಂಗೀತ ಬರೆದುಕೊಟ್ಟರೆ, ಚಿತ್ರ ನಡೆಯುವಾಗ ವಿಶ್ವವಿದ್ಯಾಲಯದ ಮೂವರು ವೇದಿಕೆಯ ಪಕ್ಕದಲ್ಲಿ ಕುಳಿತು ನುಡಿಸುತ್ತಾರೆ. ಕರಪತ್ರದಲ್ಲಿ ಅವರ ಹೆಸರು ಎರಡು ಸಲ ಬರುತ್ತದೆ, ನಟನೆಯ ಮುಂದೊಮ್ಮೆ, ಸಂಗೀತದ ಮುಂದೊಮ್ಮೆ.

"ಮೊದಲಿದ್ದ ಸಂಗೀತ ನೆನಪಿದೆಯಾ?" ಎಂದು ನಾನು ಕೇಳಿದ್ದೆ.

"ಇಲ್ಲ. ನೆನಪಿದೆ ಅಂತ ಅನ್ಸುತ್ತೆ, ಅದು ಬೇರೆ ವಿಷಯ. ಇಷ್ಟು ವರ್ಷ ಮನಸ್ಸಲ್ಲೇ ತಿದ್ದಿ ತಿದ್ದಿ ಅದು ಬೇರೆಯೇ ಆಗಿದೆ. ಹೊಸದು ಬರೀತೀನಿ. ಹೊಸದು ಅಂತಲೇ ಹಾಕಬೇಕು ಅಂತ ಹೇಳಿದೀನಿ."

ಈ ಮಾತು ದಿನಚರಿಯಲ್ಲಿ ಹೀಗೇ ಇದೆ. ನಾನು ಅದರ ಕೆಳಗೆ ಎರಡು ಗೆರೆ ಎಳೆದಿದ್ದೇನೆ.

ಕೂಟದವರಿಗೆ ಒಂದೇ ಅನುಮಾನ. ಒಟಾಕರ್‌ಗೆ ಇನ್ನೂ ಸರಿಯಾಗಿ ಕೇಳಿಸುತ್ತದೆಯೇ? ಹಾನಾಳಿಗೂ ಅದೇ ಅನುಮಾನ. ತಂದೆ ತುಂಬಿದ ಸಭೆಯಲ್ಲಿ ಅಪಶ್ರುತಿಗೆ ತಲೆದೂಗುತ್ತಾ ಕೂರುವುದನ್ನು ನೋಡಲಾರೆ ಎಂದಳು. "ಸುಮಾ, ನೀನು ಟೆಸ್ಟ್ ಮಾಡಿ ಒಂದು ರಿಪೋರ್ಟ್ ಕೊಡು. ಆಗುತ್ತೆ ಅಂದ್ರೆ ಆಗುತ್ತೆ, ಇಲ್ಲ ಅಂದ್ರೆ ಇಲ್ಲ. ಗುರುವಾರ ಆರ್ವೋ ಕರ್ಕೊಂಡು ಬರ್ತೀನಿ."

ಆರ್ವೋ ಅಂದರೆ ಇಲ್ಲಿಯವರ ಬಾಯಲ್ಲಿ ಮಧ್ಯಾಹ್ನ. ಆ ಗುರುವಾರ ಬಂದರು. ಒಟಾಕರ್ ಆಗಲೇ ಒಂದು ದೂರು ಹೇಳಿದ್ದರು. ಬಲಗಿವಿಯಲ್ಲಿ ಮೇಲಿನ ಸ್ವರಗಳು ಚೂರು ಹುಳಿಯಾಗಿ ಕೇಳಿಸುತ್ತವೆ ಎಂದು. ವಯಸ್ಸಾದ ಕಿವಿಯಲ್ಲಿ ಹೀಗಾಗುವುದುಂಟು. ಒಂದೇ ಸ್ವರ ಎಡಗಿವಿಗೊಂದು, ಬಲಗಿವಿಗೊಂದು. ಹಾಗಾಗಿ ನಾನು ಮಾಮೂಲಿ ಪರೀಕ್ಷೆಯ ಜೊತೆ ಇನ್ನೊಂದನ್ನು ಸೇರಿಸಿದೆ. ಹೆಡ್‌ಫೋನಿನಲ್ಲಿ ಎರಡು ಸ್ವರ ಒಂದರ ಹಿಂದೊಂದು ಬರುತ್ತವೆ, ಒಂದು ಎಡಗಿವಿಗೆ, ಇನ್ನೊಂದು ಬಲಗಿವಿಗೆ. ಎರಡೂ ಒಂದೇ ಆದರೆ 'ಯೆಸ್', ಬೇರೆಯಾದರೆ 'ನೋ'. ಇಷ್ಟೇ.

ಅವರು ಗಾಜಿನ ಕೋಣೆಯೊಳಗೆ ಕಣ್ಣು ಮುಚ್ಚಿ ಕುಳಿತರು. ಕೈಗಳು ತೊಡೆಯ ಮೇಲೆ ಅಂಗಾತ. ನಾನು ಹೊರಗೆ ಹಾಳೆಯ ಮುಂದೆ. ಸ್ವರಗಳ ಜೋಡಿ ಹೋಯಿತು. ಅವರು ಎಲ್ಲೋ ದೂರದಿಂದೆಂಬಂತೆ, "ನೋ..." ಎಂದರು. ನಾನು N ಬರೆದೆ. ಮುಂದಿನ ಜೋಡಿ. ಮತ್ತೆ ಅಂಥದೇ ಒಂದು ಸದ್ದು. N. ಪುಟದ ಕೊನೆಯವರೆಗೂ N. ಜೋಡಿಗಳಲ್ಲಿ ಅರ್ಧದಷ್ಟು ಪಕ್ಕಾ ಒಂದೇ ಸ್ವರ. ಅವನ್ನೂ ಬೇರೆ ಎನ್ನುತ್ತಿದ್ದಾರೆ. ನನಗೆ ಬೇಸರವಾಯಿತು. ಆದರೆ ಆಶ್ಚರ್ಯವಾಗಲಿಲ್ಲ, ಹುಳಿ ಸ್ವರದ ದೂರು ಮೊದಲೇ ಇತ್ತಲ್ಲ, ಉತ್ತರ ನನ್ನ ಬಳಿ ಸಿದ್ಧವಾಗಿತ್ತು. ಈಗ ಯೋಚಿಸಿದರೆ ಅದೇ ನನ್ನ ಕಿವಿ ಮುಚ್ಚಿಸಿತು ಅನ್ನಿಸುತ್ತದೆ.

ಹೊರಬಂದವರಿಗೆ ಫಲಿತಾಂಶ ಹೇಳಿದೆ. ಅವರು ಸಾಧನ ಹಾಕಿಕೊಂಡು ನಿಧಾನವಾಗಿ ಕೇಳಿದರು. "ಒಂದೇ ಸ್ವರವನ್ನು ಬೇರೆ ಅಂದೆನಾ? ನಾನು ಹಾಗಂದೆನಾ?"

ನಾನು ಹಾಳೆ ತಿರುಗಿಸಿ ತೋರಿಸಿದೆ. N, N, N, N.

ಬರೆದದ್ದರ ಎದುರು ಯಾರು ಏನು ಹೇಳುತ್ತಾರೆ? ಅವರು ಹಾಳೆಯ ಮೇಲೆ ಬೆರಳಾಡಿಸಿದರು. "ನಲವತ್ತು ವರ್ಷ ಅಡಿಲೇಡ್ ಜನ ತಮ್ಮ ಕಿವಿ ಬಿಟ್ಟು ನನ್ನ ಕಿವಿ ನಂಬಿದ್ರು. ಈಗ ನನ್ನ ಸರದಿ" ಎಂದು ಎದ್ದರು. ಹಾನಾ ನನ್ನ ಕೈ ಹಿಡಿದು ಥ್ಯಾಂಕ್ಸ್ ಹೇಳಿದಳು. ಅದೇ ಸಂಜೆ ಅವಳು ನನ್ನ ವರದಿಯನ್ನು ಅಡಿಲೇಡ್‌ಗೆ ಕಳಿಸಿದಳು. ಕೂಟದವರು ಆ ಎಂಟು ನಿಮಿಷಗಳನ್ನು ಇಸ್ಲಾ ಎಂಬ ಸಂಗೀತ ವಿದ್ಯಾರ್ಥಿನಿಗೆ ವಹಿಸಿದರು. ಚೆಲ್ಲೋ ನುಡಿಸಬೇಕಿದ್ದವಳೂ ಅವಳೇ.

ಆಮೇಲಿನ ಮೂರು ವಾರ ನಿಜವಾಗಿಯೂ ಮಳೆ. ಇದಕ್ಕೆ ದಿನಚರಿಯ ಸಾಕ್ಷಿ ಇದೆ. ಪರ್ತ್‌ನ ಚಳಿಗಾಲದ ಮಳೆ ಸಮುದ್ರದ ಕಡೆಯಿಂದ ಸಾಲುಗಟ್ಟಿ ಬರುತ್ತದೆ. ಒಂದು ಹೋಯಿತು ಎನ್ನುವಷ್ಟರಲ್ಲಿ ಇನ್ನೊಂದು ಅಡ್ಡಡ್ಡ ಬೀಸುತ್ತದೆ. ಕೊಡೆ ಯಾವ ಕೆಲಸಕ್ಕೂ ಬಾರದು. ಅಮ್ಮ ಮಳೆ ಬಿಟ್ಟ ಕೂಡಲೇ ಬೀದಿಯ ಕೊನೆಯವರೆಗೆ ಹೋಗಿ ಬರುತ್ತಿದ್ದರು.

"ರಾಯರು ಕೋಲಲ್ಲಿ ತಾಳ ಹಾಕ್ತಿಲ್ಲ ಕಣೇ. ಬರೀ ಊರ್ಕೊಂಡು ನಡೀತಾರೆ. ಏನಾಯ್ತು ಅವರಿಗೆ?"

ಅವರ ವಿಷಯ ಹೊರಗೆ ಹೇಳುವಂತಿರಲಿಲ್ಲ. "ಚಳಿಗೆ ಕೈ ನೋವಿರ್ಬೇಕು" ಎಂದೆ. ಅದು ಸುಳ್ಳೆಂದು ಅಮ್ಮನಿಗೆ ತಿಳಿಯಿತು. ಮರುದಿನ ಬೀದಿಯ ಹಳದಿ ಮುಚ್ಚಳದ ಕಸದ ತೊಟ್ಟಿಗಳನ್ನು ಲಾರಿ ಎತ್ತುವಾಗ ಹಾನಾಳ ಮನೆಯ ಮುಂದಿನ ತೊಟ್ಟಿಯಿಂದ ಐದು ಗೆರೆಯ ಹಾಳೆಗಳು ಹಾರಿ ರಸ್ತೆಗೆ ಬಿದ್ದವಂತೆ. ಅಮ್ಮ ಎರಡು ಹಾಳೆ ಹೆಕ್ಕಿ ತಂದು ಒಲೆಯ ಪಕ್ಕ ಒಣಗಲು ಹಾಕಿದ್ದರು. "ಸಂಗೀತ ಬರೆಯೋ ಕಾಗದ. ಹೀಗೆಲ್ಲ ತುಳಿಯೋ ಜಾಗದಲ್ಲಿ ಬಿಡಬಾರ್ದು" ಎಂದರು. ನಾನು ಆ ರಾತ್ರಿಯ ಪುಟದಲ್ಲಿ ಬರೆದದ್ದು ಒಂದೇ ಸಾಲು: 'ನನ್ನ ಕೆಲಸ ನಾನು ಸರಿಯಾಗಿಯೇ ಮಾಡಿದೆ.' ಸರಿಯಾಗಿ ಮಾಡಿದವರು ಹಾಗೆ ಬರೆದುಕೊಳ್ಳುತ್ತಾರೆಯೇ?

ಭಾನುವಾರ ಅಮ್ಮ ಅಪ್ಪ-ಮಗಳನ್ನು ಊಟಕ್ಕೆ ಕರೆದರು. ಹೇಗೆ ಕರೆದರೋ, ಯಾವ ಭಾಷೆಯಲ್ಲೋ, ಇಬ್ಬರೂ ಹನ್ನೆರಡೂವರೆಗೆ ಸರಿಯಾಗಿ ಬಾಗಿಲಲ್ಲಿದ್ದರು. ಒಟಾಕರ್ ತೆಳ್ಳಗಾಗಿದ್ದಂತೆ ಕಂಡರು. ಅಡುಗೆಮನೆಯಿಂದ ಬಂದ ವಾಸನೆಗೆ ಮೂಗೆತ್ತಿ ಒಮ್ಮೆಲೇ, "ಮಾಕ್!" ಎಂದರು.

ಗಸಗಸೆ. ಚೆಕ್ ಜನರ ಹಬ್ಬದ ರೊಟ್ಟಿಯೊಳಗೂ ಗಸಗಸೆಯೇ ಅಂತೆ. ಅಮ್ಮ ಗಸಗಸೆ ಪಾಯಸ ಮಾಡಿದ್ದರು. ಅನ್ನ ಹುಳಿ ಮುಗಿಯುವವರೆಗೆ ಸುಮ್ಮನೆ ತಿಂದ ಒಟಾಕರ್ ಅವರ ಮುಖ, ಪಾಯಸದ ಮೊದಲ ಬಟ್ಟಲು ಖಾಲಿ ಮಾಡಿದಾಗ ಅರಳಿತ್ತು. ಅಮ್ಮನ ಜೊತೆ ಅವರು ತಮ್ಮ ಭಾಷೆಯಲ್ಲೇ ಮಾತಾಡುತ್ತಿದ್ದರು. ಇಂಗ್ಲಿಷ್ ಇಬ್ಬರಿಗೂ ದಾರಿ ಸುತ್ತು.

ಅಮ್ಮ ಸೌಟು ಎತ್ತಿ, "ರಾಯರೇ, ಇನ್ನೊಂಚೂರು?" ಎಂದರು.

"ನೋ, ನೋ," ಎಂದರು ಒಟಾಕರ್.

ಅಮ್ಮ ಒಂದು ಸೌಟು ಸುರಿದರು. ಅವರು ಅದನ್ನೂ ಮುಗಿಸಿದರು. ಅಮ್ಮ ಮತ್ತೆ ಸೌಟು ಎತ್ತಿದರು.

"ನೋ, ನೋ, ನೋ."

ಮತ್ತೊಂದು ಸೌಟು. ನನಗೆ ಮುಜುಗರವಾಯಿತು. "ಅಮ್ಮಾ, ಸಾಕು! ಬೇಡ ಬೇಡ ಅಂತಿದಾರೆ, ನೀನು ಸುರೀತಾನೇ ಇದೀಯ. ಇಲ್ಲಿ ಯಾರೂ ಹೀಗೆ ಬಲವಂತ ಮಾಡಲ್ಲ. ಬೇಡ ಅಂದ್ರೆ ಬೇಡ ಅಂತಲೇ ಅರ್ಥ."

"ಬೇಡ ಅನ್ನೋರ ಮುಖ ಹೀಗಿರತ್ತೇನೇ? ಕಣ್ಣು ಬಿಟ್ಟು ನೋಡು, ಬಟ್ಟಲನ್ನ ಮುಂದಕ್ಕೆ ತಳ್ತಿದಾರೆ, ಹಿಂದಕ್ಕಲ್ಲ."

ಹಾನಾ ನನ್ನ ದನಿ ಏರಿದ್ದು ಕೇಳಿ ಏನೆಂದು ವಿಚಾರಿಸಿದಳು. ಹೇಳಿದೆ. ಅವಳು ಜೋರಾಗಿ ನಕ್ಕಳು. "ಅಯ್ಯೋ ಸುಮಾ, ನಿಮ್ಮಮ್ಮನೇ ಸರಿ. ಡ್ಯಾಡ್ ಬೇಡ ಅನ್ಲಿಲ್ಲ. ಅದು ಇಂಗ್ಲಿಷಿನ ನೋ ಅಲ್ಲ, ಚೆಕ್ 'ನೊ'. ಹ್ಞಾಂ, ಹೌದು ಅನ್ನೋ ಥರ. ಯೋಚ್ನೇಲಿ ಮುಳುಗಿದ್ರೆ, ಖುಷಿಯಾಗಿದ್ರೆ ಬರೀ ನೊ, ನೊ, ನೊ. ಶಾಲೇಲಿ ನನ್ನ ಫ್ರೆಂಡ್ಸ್ ಮನೆಗೆ ಬರೋಕೆ ಹೆದರ್ತಿದ್ರು, ನಿಮ್ಮಪ್ಪ ಎಲ್ಲದಕ್ಕೂ ಆಗಲ್ಲ ಅಂತಾರೆ ಅಂತ."

"ಮತ್ತೆ ಇಲ್ಲ ಅನ್ನೋಕೆ?"

"ನೆ."

ನೊ. ನೆ. ಕೈಯಲ್ಲಿದ್ದ ನೀರಿನ ಲೋಟ ಕೆಳಗಿಟ್ಟೆ. ಗಾಜಿನ ಕೋಣೆ, ಮುಚ್ಚಿದ ಕಣ್ಣು, ದೂರದಿಂದ ಬರುತ್ತಿದ್ದ ಆ ದನಿ. ಇಂಗ್ಲಿಷ್ ಮಾತ್ರ ಬಲ್ಲವರು ಈ ತಪ್ಪು ಮಾಡಿದ್ದರೆ ಕ್ಷಮಿಸಬಹುದು. ನನ್ನ ಭಾಷೆಯಲ್ಲಿ ನೊ ಬೇರೆ, ನೋ ಬೇರೆ. ಒಂದನೇ ತರಗತಿಯಲ್ಲಿ ಸ್ಲೇಟಿನ ಮೇಲೆ ಆ ದೀರ್ಘವನ್ನು ತಿದ್ದಿ ತಿದ್ದಿ ಕಲಿತವಳು ನಾನು. ಹ್ರಸ್ವ ಕಿವಿಗೆ ಬಿದ್ದಿತ್ತು, ನಾನು ಅದಕ್ಕೆ ದೀರ್ಘ ಎಳೆದು ಬರೆದುಕೊಂಡಿದ್ದೆ. ನೊ, ನೆ ಎರಡಕ್ಕೂ ಒಂದೇ N.

ನೆನಪಿನಲ್ಲಿ ನಾನು ಊಟದ ಮೇಜಿನಿಂದ ಎದ್ದು ಆ ಕ್ಷಣವೇ ಮಳೆಯಲ್ಲಿ ಕ್ಲಿನಿಕ್ಕಿಗೆ ಕಾರು ಓಡಿಸುತ್ತೇನೆ. ದಿನಚರಿಯ ಪ್ರಕಾರ ನಾನು ಎಲ್ಲರಿಗೂ ಕಾಫಿ ಮಾಡಿ ಕೊಟ್ಟೆ, ಪಾತ್ರೆ ತೊಳೆದೆ, ಸೋಮವಾರ ಬೆಳಗ್ಗೆ ಕ್ಲಿನಿಕ್ಕಿಗೆ ಹೋಗಿ ಕಡತ ತೆಗೆದೆ. ಕಡತದಲ್ಲಿ ಹಾಳೆ ಹಾಗೇ ಇತ್ತು. ಧ್ವನಿಮುದ್ರಣ ಇರಲಿಲ್ಲ. ಎಷ್ಟು ನೊ, ಎಷ್ಟು ನೆ ಎಂದು ಇನ್ನು ಯಾರೂ ಹೇಳುವಂತಿರಲಿಲ್ಲ.

ಮಂಗಳವಾರ ಇಬ್ಬರನ್ನೂ ಕರೆಸಿ ನಡೆದದ್ದನ್ನು ಹೇಳಿದೆ. ನಗುತ್ತಾರೆ ಅಂದುಕೊಂಡಿದ್ದೆ. ಹಾನಾ ಬಾಯಿಯ ಮೇಲೆ ಕೈಯಿಟ್ಟುಕೊಂಡಳು. ಒಟಾಕರ್ ನಗಲಿಲ್ಲ.

"ಮೂರು ವಾರದಿಂದ ಪಿಯಾನೋ ಮುಚ್ಚಳ ತೆಗೆದಿಲ್ಲ" ಎಂದರು. "ರೇಡಿಯೋ ಕೇಳಿಲ್ಲ. ಒಳ್ಳೇದು ಅನ್ಸಿದ್ರೆ ಅದೂ ಸುಳ್ಳಿರಬಹುದು ಅಂತ. ಹೆಂಡತಿ ಹಾಡ್ತಿದ್ದದ್ದು ನೆನಪಾದ್ರೆ ಅದೂ ಅಪಶ್ರುತಿ ಇತ್ತೇನೋ ಅಂತ."

"ಕ್ಷಮಿಸಿ" ಎಂದೆ.

ಅವರು ಗಾಜಿನ ಕೋಣೆಯ ಬಾಗಿಲನ್ನು ತಾವೇ ತೆರೆದರು. "ಬಾ. ಈ ಸಲ ಬಾಯಿ ಬೇಡ."

ಈ ಸಲ ಬೆರಳು. ಒಂದೇ ಸ್ವರವಾದರೆ ಒಂದು ಬೆರಳು, ಬೇರೆಯಾದರೆ ಎರಡು. ತೊಡೆಯ ಮೇಲಿನ ಆ ಉದ್ದ ಬೆರಳುಗಳನ್ನು ಕಣ್ಣು ಮಿಟುಕಿಸದೆ ನೋಡಿದೆ. ಕೆಳಗಿನ ಸ್ವರಗಳಲ್ಲಿ ಒಂದೂ ತಪ್ಪಿಲ್ಲ. ನಡುವಿನವುಗಳಲ್ಲೂ ಇಲ್ಲ, ನನ್ನ ಕಿವಿಗೆ ಒಂದೇ ಎನ್ನಿಸುವಷ್ಟು ಹತ್ತಿರದ ಜೋಡಿಗಳಿಗೂ ಎರಡು ಬೆರಳು, ಯೋಚಿಸದೆ. ಮೇಲೆ ಹೋದಂತೆ ಬಲಗಿವಿ ದಾರಿ ತಪ್ಪಿತು. ಅಲ್ಲಿ ಬೆರಳುಗಳು ಅನುಮಾನಿಸಿದವು, ಒಂದು ಎತ್ತಿ, ಎರಡು ಮಾಡಿ, ಇಳಿಸಿದವು. ಹುಳಿ ಸ್ವರದ ದೂರು ನಿಜವೇ ಆಗಿತ್ತು. ಆದರೆ ಅದು ಪಿಯಾನೋದ ಬಲತುದಿಯ ದೂರು ಮಾತ್ರ.

ನಾನು ಅಡಿಲೇಡ್‌ಗೆ ಎರಡನೆಯ ವರದಿ ಬರೆದೆ, ಮೊದಲನೆಯದರಲ್ಲಿ ತಪ್ಪು ನನ್ನದೆಂದು ಸೇರಿಸಿ. ಕೂಟದ ಕಾರ್ಯದರ್ಶಿ ಫೋನ್ ಮಾಡಿದರು. ಒಳ್ಳೆಯ ಹೆಂಗಸು, ನಿಧಾನಸ್ಥೆ. "ಒಬ್ಬರೇ ತಜ್ಞರು, ಒಂದೇ ತಿಂಗಳು, ಎರಡು ವರದಿ, ಒಂದಕ್ಕೊಂದು ತದ್ವಿರುದ್ಧ. ನಾವು ಯಾವುದನ್ನ ನಂಬಬೇಕು, ನೀವೇ ಹೇಳಿ" ಎಂದರು. ಆ ಪ್ರಶ್ನೆಯಲ್ಲಿ ಕೋಪವಿರಲಿಲ್ಲ. ಕೊನೆಗೆ ಒಂದು ಒಪ್ಪಂದವಾಯಿತು. ಒಟಾಕರ್ ಬರೆಯಲಿ. ಇಸ್ಲಾ ಬರೆಯುತ್ತಿರುವುದೂ ಮುಗಿಯಲಿ. ಪ್ರದರ್ಶನದ ಹಿಂದಿನ ದಿನ ಒಟಾಕರ್ ಬಂದು ತಾಲೀಮು ನಡೆಸಲಿ. ಅವರಿಗೆ ಕೇಳಿಸುತ್ತದೆ ಎಂದು ನುಡಿಸುವವರಿಗೆ ಅನ್ನಿಸಿದರೆ ಅವರದು, ಇಲ್ಲವಾದರೆ ಇಸ್ಲಾಳದು.

ಒಟಾಕರ್ ಈ ಷರತ್ತು ಕೇಳಿ ಗಡ್ಡ ಕೆರೆದುಕೊಂಡರು. "ಎಂಬತ್ತರಲ್ಲಿ ಆಡಿಷನ್. ನಟ ಅಂದ ಮೇಲೆ ಇದೆಲ್ಲ ಇದ್ದದ್ದೇ."

ಆ ಚಳಿಗಾಲದ ಅರ್ಧ ಆಗಿಹೋಗಿತ್ತು. ಉಳಿದರ್ಧ ನನ್ನ ಪರ್ತ್ ವರ್ಷಗಳಲ್ಲೇ ಸೊಗಸಾದ ದಿನಗಳು. ಶ್ರವಣ ಸಾಧನಗಳು ಮಾತಿಗಾಗಿ ಹುಟ್ಟಿದವು. ಎಳೆದು ಹಿಡಿದ ಸ್ವರ ಬಂದರೆ ಅದನ್ನು ತಮ್ಮದೇ ಸೀಟಿ ಎಂದು ತಿಳಿದು ಅದುಮಿಬಿಡುತ್ತವೆ. ನಾನು ಅವರ ಸಾಧನದಲ್ಲಿ ಆ ಬುದ್ಧಿವಂತಿಕೆಯನ್ನೆಲ್ಲ ಒಂದೊಂದಾಗಿ ಆರಿಸಿದೆ. ಶನಿವಾರ ಶನಿವಾರ ಲ್ಯಾಪ್‌ಟಾಪ್ ಹಿಡಿದು ಹಾನಾಳ ಹಿತ್ತಲಿಗೆ ಹೋಗುವುದು. ಅವರು ಪಿಯಾನೋದ ಒಂದು ಮನೆ ಒತ್ತಿ ಹಿಡಿಯುವುದು. "ಈಗ ನಡುಗ್ತಿದೆ", "ಈಗ ಪರ್ವಾಗಿಲ್ಲ", "ಈಗ ಪಕ್ಕದ ಮನೆ ನಾಯಿ ಕೂಡ ಕೇಳಿಸ್ತಿದೆ, ಅದು ಬೇಡ" ಎನ್ನುವುದು. ಬೇಲಿಯಾಚೆ ಬಾಟಲ್‌ಬ್ರಷ್ ಗಿಡದಲ್ಲಿ ಗಿಳಿಗಳ ಗದ್ದಲ. ಅಮ್ಮ ಪಿಯಾನೋ ಪಕ್ಕದ ಕುರ್ಚಿಯಲ್ಲಿ ಸ್ವೆಟರ್ ಹೆಣೆಯುತ್ತಾ ಕೂರುತ್ತಿದ್ದರು.

ಒಟಾಕರ್ ಬರೆಯುವ ರೀತಿ ನನಗೆ ಹೊಸದು. ಮೊದಲು ಅವರು ಸ್ವರ ಬರೆಯಲಿಲ್ಲ. ಲ್ಯಾಪ್‌ಟಾಪಿನಲ್ಲಿ ಆ ಮೂಕ ಸುರುಳಿಯನ್ನು ಹಾಕಿಕೊಂಡು ಟ್ರಾಮ್ ನಿಲ್ಲುವ ಜಾಗಗಳನ್ನು ಸೆಕೆಂಡಿನ ಲೆಕ್ಕದಲ್ಲಿ ಗುರುತು ಮಾಡಿಕೊಂಡರು. ತೆರೆಯ ಮೇಲೆ ತೆಳ್ಳಗಿನ, ಟೋಪಿಯ ಯುವಕ ಟಿಕೆಟ್ ಹರಿಯುತ್ತಾನೆ, ಹಗ್ಗ ಎಳೆಯುತ್ತಾನೆ, ಖಾಲಿ ಸೀಟುಗಳ ನಡುವೆ ನಡೆಯುತ್ತಾನೆ. ಈ ಮುದುಕರು ಆ ಯುವಕನ ಹೆಜ್ಜೆಗೆ ಬೆರಳು ತಟ್ಟುತ್ತಾರೆ.

"ಎಷ್ಟು ಚೆನ್ನಾಗಿದಾರೆ ರಾಯರು ಆಗ" ಎಂದು ಅಮ್ಮ ಮೆಚ್ಚಿದಾಗ ನಾನು ಅನುವಾದಿಸಿದೆ.

"ಅವನಿಗೆ ಹೇಳಬೇಡ, ಆಗಲೇ ತಲೆ ತಿರುಗಿದೆ" ಎಂದರು.

ಚೆಲ್ಲೋ ಇದ್ದೇ ಇತ್ತು, ಉಳಿದ ವಾದ್ಯಗಳನ್ನೂ ಅವರೇ ಆರಿಸಿದರು. ಚೆಲ್ಲೋ, ವಿಯೋಲಾ, ಬಾಸ್ ಕ್ಲಾರಿನೆಟ್. ಮೂರೂ ಕೆಳದನಿಯವು. ಪಿಟೀಲು, ಕೊಳಲು ಬೇಡ. "ನನ್ನ ಬಲಗಿವಿ ಎಲ್ಲಿ ಸುಳ್ಳು ಹೇಳುತ್ತೆ ಅಂತ ನೀನು ಗೆರೆ ಎಳೆದು ತೋರಿಸಿದ್ದೀಯಲ್ಲ, ಆ ಗೆರೆ ಮೇಲಕ್ಕೆ ನಾನು ಹೋಗಲ್ಲ. ಟ್ರಾಮ್ ಹಾರಲ್ಲ, ನೆಲದ ಮೇಲೇ ಹೋಗೋದು." ಅವರ ಮಿತಿಯನ್ನು ಅವರು ಅಷ್ಟು ಸಲೀಸಾಗಿ ಒಪ್ಪಿಕೊಂಡದ್ದು ನನಗೆ ಆಶ್ಚರ್ಯ. ನಾನಾಗಿದ್ದರೆ ಒಂದು ವರ್ಷ ಕೊರಗುತ್ತಿದ್ದೆ.

ಸೆಪ್ಟೆಂಬರಿನಲ್ಲಿ ನಾಲ್ವರೂ ಅಡಿಲೇಡ್‌ಗೆ ಹಾರಿದೆವು. ನನಗೆ ಹೋಗಲೇಬೇಕಾದ ಕೆಲಸವೇನಿರಲಿಲ್ಲ. ಸಾಧನ ಕೈಕೊಟ್ಟರೆ ಎಂದು ನೆಪ ಹೇಳಿ ರಜೆ ಹಾಕಿದೆ. ನಿಜ ಏನೆಂದರೆ ನನ್ನ ಎರಡನೆಯ ವರದಿಯ ಮೇಲೂ ನನಗೆ ನಂಬಿಕೆ ಪೂರ್ತಿ ಇರಲಿಲ್ಲ. ಗಾಜಿನ ಕೋಣೆಯ ಶುದ್ಧ ಸ್ವರ ಬೇರೆ, ಸಭಾಂಗಣದ ವಾದ್ಯ ಬೇರೆ. ಬೆರಳನ್ನೂ ನಾನು ತಪ್ಪಾಗಿ ಓದಿದ್ದರೆ?

ಹಳೆಯ ಚಿತ್ರಮಂದಿರ. ಕಲ್ಲಿನ ಗೋಡೆ, ಒಳಗೆ ಹೊರಗಿಗಿಂತ ಹೆಚ್ಚು ಥಂಡಿ. ವೇದಿಕೆಯ ಬಲಕ್ಕೆ ಮೂರು ಕುರ್ಚಿ, ಮೂರು ಸ್ಟ್ಯಾಂಡ್. ಇಸ್ಲಾ ಇಪ್ಪತ್ತೆರಡರ ಹುಡುಗಿ, ಗಿಡ್ಡ ಕೂದಲು, ಕಾಲಲ್ಲಿ ಬೂಟು. ಅವಳ ಸ್ಟ್ಯಾಂಡಿನ ಮೇಲೆ ಎರಡು ಕಟ್ಟು ಹಾಳೆ. ಮುಂದೆ ಒಟಾಕರ್ ಅವರದು, ಅದರ ಹಿಂದೆ ತನ್ನದು. ಅದನ್ನು ಅವಳು ಮುಚ್ಚಿಡಲಿಲ್ಲ. ಬಂದು ಕೈಕುಲುಕಿ, "ನಿಮ್ಮದು ಚೆನ್ನಾಗಿದೆ. ನನ್ನದೂ ಚೆನ್ನಾಗಿದೆ" ಎಂದಳು. ಒಟಾಕರ್‌ಗೆ ಅದು ಇಷ್ಟವಾಯಿತು.

ಕಾರ್ಯದರ್ಶಿ ಎರಡನೆಯ ಸಾಲಿನಲ್ಲಿ, ಹಾನಾ ಮತ್ತು ಅಮ್ಮ ಮೂರನೆಯದರಲ್ಲಿ. ನಾನು ಅವರ ಹಿಂದೆ ಕುಳಿತು ಮಡಿಲಲ್ಲಿ ಫೋನ್ ತೆರೆದಿಟ್ಟುಕೊಂಡೆ. ಶ್ರುತಿ ನೋಡುವ ಆ್ಯಪ್. ಸ್ವರ ಸರಿ ಇದ್ದರೆ ಮುಳ್ಳು ನಟ್ಟನಡುವೆ ನಿಲ್ಲುತ್ತದೆ, ಇಳಿದಿದ್ದರೆ ಎಡಕ್ಕೆ ವಾಲುತ್ತದೆ.

ಒಟಾಕರ್ ಬರೆದದ್ದು ಚೆಲ್ಲೋದ ಅತಿ ಕೆಳಗಿನ ತಂತಿಯಿಂದ ಶುರುವಾಗುತ್ತದೆ. ಒಂದೇ ಸ್ವರ, ಉದ್ದಕ್ಕೆ, ಟ್ರಾಮಿನ ಮೋಟಾರಿನ ಹಾಗೆ. ಅವರು ಕೈ ಇಳಿಸಿದರು. ಇಸ್ಲಾ ಬಿಲ್ಲು ಎಳೆದಳು. ನನ್ನ ಫೋನಿನ ಮುಳ್ಳು ನಡುವಿಗೆ ಬರಲಿಲ್ಲ. ಎಡಕ್ಕೆ, ಕೂದಲೆಳೆಯಷ್ಟು ಎಡಕ್ಕೆ ನಿಂತಿತು. ಥಂಡಿಗೆ ಬಿರಡೆ ಜಾರಿ ತಂತಿ ಸಡಿಲಾಗಿತ್ತು. ನನ್ನ ಕಿವಿಗೆ ಏನೂ ತಿಳಿಯಲಿಲ್ಲ, ಕಣ್ಣಿಗೆ ಮಾತ್ರ ಕಾಣುತ್ತಿತ್ತು. ನಾನು ತಲೆಯೆತ್ತಿ ಒಟಾಕರ್ ಅವರನ್ನು ನೋಡಿದೆ. ಅವರು ಕಣ್ಣು ಮುಚ್ಚಿದ್ದರು. ಕೈ ಮೆಲ್ಲಗೆ ತಾಳ ಹಾಕುತ್ತಿತ್ತು. ಒಂದು ಆವರ್ತ ಕಳೆಯಿತು. ನಿಲ್ಲಿಸಲಿಲ್ಲ. ಎರಡು. ಅವರ ಮುಖದಲ್ಲಿ ಏನೂ ಇಲ್ಲ. ಮೂರು. ಮುಗಿಯಿತು ಅಂದುಕೊಂಡೆ. ಎರಡನೆಯ ಸಲವೂ ತಪ್ಪು ಬರೆದೆ; ಮೊದಲನೆಯದು ಅವರ ಮೂರು ವಾರ ತಿಂದಿತು, ಇದು ಎಲ್ಲರ ಮುಂದೆ ಮಾನ ತೆಗೆಯುತ್ತದೆ.

ಅವರ ಎಡಗೈ ಮೇಲೆದ್ದಿತು. ಬಿಲ್ಲು ನಿಂತಿತು.

"ಚೆಲ್ಲೋ. ಕೆಳಗಿನ ತಂತಿ, ಪ್ಲೀಸ್. ಸ್ವಲ್ಪ ನಿದ್ದೆ ಮಾಡ್ತಿದೆ."

ಇಸ್ಲಾ ತಲೆ ಬಗ್ಗಿಸಿ ತಂತಿಯನ್ನು ಮೀಟಿದಳು, ಬಿರಡೆಯನ್ನು ಇಷ್ಟೇ ಇಷ್ಟು ತಿರುಗಿಸಿದಳು, ಮತ್ತೆ ಮೀಟಿದಳು. ನನ್ನ ಮಡಿಲಲ್ಲಿ ಮುಳ್ಳು ನಿಧಾನವಾಗಿ ನಡುವಿಗೆ ಬಂದು ನಿಂತಿತು. ಅದೇ ಹೊತ್ತಿಗೆ, ಫೋನ್ ನೋಡದ ಒಟಾಕರ್, "ಅಲ್ಲೇ ಬಿಡು" ಎಂದರು.

"ಮೊದಲನೇ ಸೆಕೆಂಡಿಗೇ ನಿಮಗೆ ಗೊತ್ತಾಯ್ತಲ್ಲವಾ?" ಎಂದು ಕೇಳಿದಳು ಇಸ್ಲಾ. "ಅಷ್ಟು ಹೊತ್ತು ಯಾಕೆ ಬಿಟ್ರಿ?"

"ನಿನಗೇ ಕೇಳಿಸುತ್ತೇನೋ ಅಂತ ಕಾದೆ. ಬೇರೆಯವರು ಹೇಳೋದಕ್ಕಿಂತ ಅದು ವಾಸಿ."

ಇಸ್ಲಾ ಸ್ಟ್ಯಾಂಡಿನಿಂದ ಹಿಂದಿನ ಕಟ್ಟನ್ನು ಎಳೆದು ತೆಗೆದು, ಪಕ್ಕದಲ್ಲಿ ತೆರೆದಿದ್ದ ಚೆಲ್ಲೋ ಪೆಟ್ಟಿಗೆಯೊಳಗೆ ಹಾಕಿ, ಬೂಟುಗಾಲಿನಿಂದ ಮುಚ್ಚಳ ಮುಚ್ಚಿದಳು. ಎರಡನೆಯ ಸಾಲಿನಲ್ಲಿ ಕಾರ್ಯದರ್ಶಿ ತಮ್ಮ ಕನ್ನಡಕ ತೆಗೆದು ಒರೆಸಿಕೊಂಡರು. ಅಮ್ಮ ಹಿಂದಕ್ಕೆ ತಿರುಗಿ, ಏನಾಯ್ತೆಂದು ಹುಬ್ಬಿನಲ್ಲೇ ಕೇಳಿದರು. ನಾನು ಫೋನ್ ಆರಿಸಿ ಬ್ಯಾಗಿಗೆ ಹಾಕಿದೆ.

"ಡಿಪೋದಿಂದ ಮತ್ತೆ," ಎಂದರು ಒಟಾಕರ್.

ಇಸ್ಲಾ ಬಿಲ್ಲನ್ನು ತಂತಿಯ ಮೇಲಿಟ್ಟಳು. ಟ್ರಾಮ್ ಹೊರಟಿತು.